ಕಾಮಾಕ್ಷಮ್ಮ ಹೇಳದ ಹೆಸರು

“‘ದೊಡ್ಡಬೀರಯ್ಯಾ, ಮುದ್ದೆ ಆರೋಯ್ತದೆ, ಬಿರ್ರನೆ ಬನ್ನಿ’ ಅಂತ ಒಳೆ ದಂಡೇಲಿ ನಿಂತ್ಕೊಂಡು ಕೂಗ್ತಿದ್ದೆ, ಸಾ. ದಿನಾ ಕೂಗ್ತಿದ್ದೆ. ಇನ್ನು ನಾನು ಯಾರನ್ನ ಕೂಗ್ಲಿ?”

ಇಷ್ಟು ಹೇಳಿ ವಿಜಯಮ್ಮ ಸೆರಗಿನ ತುದಿಯಿಂದ ಕಣ್ಣೊತ್ತಿಕೊಂಡಳು. ಹಾಸನದ ವಕೀಲ ಚಂದ್ರಪ್ರಭರ ಆಫೀಸಿನ ಜಗಲಿಯ ಮೇಲೆ ಕಾದು ಕೂತಿದ್ದ ಕಕ್ಷಿಗಾರರೆಲ್ಲ ಒಂದು ಗಳಿಗೆ ತಮ್ಮ ಬೇಲಿ, ಬದು, ದಾಯಾದಿಗಳನ್ನು ಮರೆತು ಲೊಚಗುಟ್ಟಿದರು.

ವಕೀಲರು ಪೆನ್ನು ಕೆಳಗಿಟ್ಟರು. ಅವರ ಕಣ್ಣು ಕೂಡ ಒದ್ದೆಯಾಗಿತ್ತು. ಆದರೆ ಅದು ದುಃಖಕ್ಕೋ ಸಂತೋಷಕ್ಕೋ ಹೇಳುವುದು ಕಷ್ಟ.

“ಇದನ್ನೇ ಸೋಮವಾರ ಹೇಳಬೇಕು, ತಾಯಿ. ಒಂದು ಮಾತೂ ಬದಲಾಯಿಸಬಾರದು.”

ಪೊಲೀಸ್ ನೌಕರಿ ಮುಗಿಸಿ ಈಗ ವಕೀಲರ ಪರವಾಗಿ ಓಡಾಡುತ್ತಿದ್ದ, ಗೋಡೆಗೊರಗಿ ನಿಂತಿದ್ದ ಆದಿರಾಜಯ್ಯನವರಿಗೆ ಮಾತ್ರ ಏನೋ ಕಸಿವಿಸಿ. ಊಟದ ನಡುವೆ ಹಲ್ಲಿಗೆ ಸಣ್ಣ ಕಲ್ಲು ಸಿಕ್ಕಿ, ಎಲ್ಲಿ ಸಿಕ್ಕಿತೆಂದು ತಿಳಿಯುವಷ್ಟರಲ್ಲಿ ತುತ್ತು ಗಂಟಲಿಗೆ ಇಳಿದುಹೋದ ಹಾಗೆ. ವಿಜಯಮ್ಮ ಹೇಳಿದ್ದರಲ್ಲಿ ತಪ್ಪೇನು? ತಪ್ಪೇನೂ ಇರಲಿಲ್ಲ. ಆದರೂ ಏನೋ ಇತ್ತು.

ಹೋದ ಮಳೆಗಾಲದಲ್ಲಿ ರಾಮನಾಥಪುರದ ಕೆಳಗೆ, ಕಾವೇರಿಯ ಮಡುವಿನಲ್ಲಿ ಸಿಕ್ಕ ಹೆಣ ದೊಡ್ಡಬೀರಯ್ಯನದು. ಈಗ ಅವನ ಹೆಂಡತಿ ನಾನೆಂದು ಇಬ್ಬರು ಹೆಂಗಸರು ಅವನ ಪಿಂಚಣಿಗೆ ಕೈಚಾಚಿ ನಿಂತಿದ್ದರು.

ದೊಡ್ಡಬೀರಯ್ಯ ಹೊಳೆದಂಡೆಯ ಪ್ರವಾಸಿ ಬಂಗಲೆಯ ಮೇಟಿಯಾಗಿದ್ದವನು. ಸಾಹೇಬರುಗಳು ಕ್ಯಾಂಪ್ ಬಂದರೆ ಬೀಗ ತೆಗೆದು, ನೀರು ಕಾಯಿಸಿ, ಅಡಿಗೆ ಮಾಡಿ ಬಡಿಸಿ, ಹೊರಡುವಾಗ ದಾರಿಗೆ ಬುತ್ತಿ ಕಟ್ಟಿಕೊಡುವ ಕೆಲಸ. ಸಬ್ ಇನ್ಸ್‌ಪೆಕ್ಟರಾಗಿದ್ದ ಕಾಲದಲ್ಲಿ ಆದಿರಾಜಯ್ಯನವರೂ ಅಲ್ಲಿ ಎಷ್ಟೋ ಸಲ ತಂಗಿದ್ದರು. ಶ್ರವಣಬೆಳಗೊಳದ ಕಡೆಯ ಜೈನರು ಅವರು. ಈರುಳ್ಳಿ ಮುಟ್ಟುವವರಲ್ಲ, ಹೊತ್ತು ಮುಳುಗಿದ ಮೇಲೆ ಉಣ್ಣುವವರೂ ಅಲ್ಲ. ಮೇಟಿ ಅದನ್ನು ಒಂದೇ ಸಲಕ್ಕೆ ನೆನಪಿಟ್ಟುಕೊಂಡಿದ್ದ. ಅವನು ಕಟ್ಟಿಕೊಡುತ್ತಿದ್ದ ಬುತ್ತಿಯ ಗಂಟೇ ಒಂದು ಚೆಂದ. ಬಟ್ಟೆಯ ಎರಡು ತುದಿಗಳು ನೆರಿಗೆ ಹಿಡಿದು ಮೊಲದ ಕಿವಿಯ ಹಾಗೆ ನೆಟ್ಟಗೆ ನಿಲ್ಲುತ್ತಿದ್ದವು. ಒಂದು ಕಿವಿ ಹಿಡಿದು ಎಳೆದರೆ ಗಂಟು ತಾನೇ ಬಿಚ್ಚಿಕೊಳ್ಳುತ್ತಿತ್ತು. ಸಾಹೇಬರ ಮಕ್ಕಳು ಆ ಗಂಟು ನೋಡುವುದಕ್ಕೇ ಬುತ್ತಿ ಕೇಳುತ್ತಿದ್ದರು.

ಅಂಥವನಿಗೆ ಪಿಂಚಣಿ ಬರುತ್ತಿರಲಿಲ್ಲ. ಬಂಗಲೆ ಮೊದಲು ಬೋರ್ಡಿನದು, ಆಮೇಲೆ ಸರ್ಕಾರದ್ದಾಯಿತು. ಬೋರ್ಡಿನಲ್ಲಿ ದುಡಿದ ವರ್ಷಗಳು ಲೆಕ್ಕಕ್ಕಿಲ್ಲ, ಸರ್ಕಾರದಲ್ಲಿ ದುಡಿದ ವರ್ಷಗಳು ಸಾಲದು. ಅದಕ್ಕಾಗಿ ಬೀರಯ್ಯ ಎಷ್ಟು ಕಚೇರಿಗಳ ಮೆಟ್ಟಿಲು ಹತ್ತಿ ಇಳಿದನೋ. ಅರಕಲಗೂಡಿನ ಅರ್ಜಿ ಬರೆಯುವ ಪಾಪಯ್ಯನೇ ಅವನಿಗೆ ಅರ್ಜಿಗಳನ್ನು ಬರೆದುಕೊಡುತ್ತಿದ್ದುದು. ಎಲ್ಲ ಅರ್ಜಿಗೂ ಒಂದೇ ಜವಾಬು: ನಿವೃತ್ತನಾದ ಮೇಲೆ ಈತನಿಗೆ ಏನೂ ಇಲ್ಲ.

ಆದರೆ ನಿವೃತ್ತಿಗೆ ಇನ್ನೇನು ಬಂತು ಅನ್ನುವಾಗ ಅವನು ಹೊಳೆಯಲ್ಲಿ ಹೋದ. ನೌಕರಿಯಲ್ಲಿದ್ದಾಗಲೇ ಸತ್ತವನ ಹೆಂಡತಿಗೆ, ಹೊಸದಾಗಿ ಬಂದ ಆದೇಶದ ಪ್ರಕಾರ, ಪಿಂಚಣಿ ಉಂಟು. ಅದಕ್ಕೆ ಅಷ್ಟು ವರ್ಷ ಬೇಕಿಲ್ಲ. ಬದುಕಿದ್ದರೆ ಅವನಿಗಿಲ್ಲ, ಸತ್ತರೆ ಅವಳಿಗುಂಟು. ಇದನ್ನು ವಕೀಲರು ವಿವರಿಸಿದಾಗ ಆದಿರಾಜಯ್ಯನವರಿಗೆ ಮೈಯೆಲ್ಲ ಉರಿದಿತ್ತು. ಅವರ ಸ್ವಂತ ಪಿಂಚಣಿಯ ದಫ್ತರು ಬೆಂಗಳೂರಿಗೆ ಹೋಗಿ ಕೂತಿತ್ತಲ್ಲ, ಅದಕ್ಕೂ ಸೇರಿ.

“ನಿಮ್ಮದು ಬರೋಕೆ ಇನ್ನೂ ತಡ ಇದೆ, ಆದಿರಾಜಯ್ಯನವರೇ,” ಎಂದು ವಕೀಲರು ತಮಾಷೆ ಮಾಡಿದ್ದರು. “ನೀವಿನ್ನೂ ಗಟ್ಟಿಮುಟ್ಟಾಗಿದೀರಲ್ಲ.”

ಈಗ ಆ ಇಬ್ಬರು ಹೆಂಗಸರು. ಒಬ್ಬಳು ಈ ವಿಜಯಮ್ಮ, ಚನ್ನರಾಯಪಟ್ಟಣದ ಕಡೆಯವಳು. ಪಾಪಯ್ಯನೇ ಕರೆದುಕೊಂಡು ಬಂದು ವಕೀಲರಿಗೆ ಒಪ್ಪಿಸಿದ್ದ. ಇನ್ನೊಬ್ಬಳು ಕಾಮಾಕ್ಷಮ್ಮ, ಬೀರಯ್ಯನ ಜೊತೆ ಬಂಗಲೆಯ ಹಿಂದಿನ ಮನೆಯಲ್ಲಿದ್ದವಳು. ಅವಳು ಅಡಿಗೆ ಕೆಲಸಕ್ಕೆ ಬಂದು ಸೇರಿಕೊಂಡವಳು, ತಾಳಿ ಕಟ್ಟಿಸಿಕೊಂಡವಳಲ್ಲ ಅನ್ನುವುದು ಪಾಪಯ್ಯನ ಮಾತು. ಮದುವೆ ನಡೆದದ್ದು ಎಂದೋ, ಎಲ್ಲೋ. ಕಂಡವರು ಯಾರೂ ಉಳಿದಿರಲಿಲ್ಲ. ಎರಡು ಕಡೆಯವರೂ ಸಾಕ್ಷಿಗಳನ್ನು ತಂದಿದ್ದರು, ಎರಡು ಕಡೆಯ ಸಾಕ್ಷಿಗಳೂ ದೇವರಾಣೆ ಹಾಕಿದ್ದರು.

ಮೊದಲ ವಿಚಾರಣೆಯಲ್ಲೇ ಕಾಮಾಕ್ಷಮ್ಮ ಮುಗ್ಗರಿಸಿದ್ದಳು. ಗಂಡನ ಹೆಸರೇನು ಎಂದು ವಿಚಾರಣಾಧಿಕಾರಿ ಮತ್ತೆ ಮತ್ತೆ ಕೇಳಿದರೂ ಬಾಯಿ ಬಿಡಲಿಲ್ಲ. ಪಕ್ಕದಲ್ಲಿದ್ದವರು ಹೇಳಲು ಹೋದರೆ, ಬೇರೆ ಯಾರೂ ಉಸಿರೆತ್ತಕೂಡದು ಎಂದು ಆತ ಗದರಿಸಿದರು. ದೂರದ ಯಾವುದೋ ಪಟ್ಟಣದಲ್ಲಿ ಹುಟ್ಟಿ ಬೆಳೆದ ಎಳೆಯ ಅಧಿಕಾರಿ. ‘ಈಕೆಗೆ ಗಂಡನ ಹೆಸರೂ ತಿಳಿಯದು’ ಎಂದು ಬರೆದುಕೊಂಡು ಎದ್ದುಹೋದರು.

ಸೋಮವಾರ ಕೊನೆಯ ವಿಚಾರಣೆ. ಅದಕ್ಕೆ ಮೊದಲು ಒಂದು ಸಲ ರಾಮನಾಥಪುರಕ್ಕೆ ಹೋಗಿ, ಆ ಹೆಂಗಸು ಹೊಸದೇನಾದರೂ ಕಿತಾಪತಿ ಹೂಡಿದ್ದಾಳೋ ನೋಡಿಕೊಂಡು ಬನ್ನಿ ಎಂದು ವಕೀಲರು ಆದಿರಾಜಯ್ಯನವರನ್ನು ಕಳಿಸಿದರು.

ಶನಿವಾರದ ಬಿಸಿಲು. ಅರಕಲಗೂಡಿನ ಬಸ್ಸು ಕೆಟ್ಟು ನಿಂತಿದೆ ಎಂದರು. ಯಾವಾಗ ಸರಿಹೋಗುತ್ತದೆ ಎಂದು ಕೇಳಿದರೆ, ಅದನ್ನು ಬಸ್ಸನ್ನೇ ಕೇಳಬೇಕು ಎಂದ ಏಜೆಂಟ. ಆದಿರಾಜಯ್ಯನವರು ಹಲ್ಲು ಕಚ್ಚಿಕೊಂಡು ಹೊಳೆನರಸೀಪುರದ ಬಸ್ಸು ಹತ್ತಿದರು. ಅಲ್ಲಿಂದ ಹಳ್ಳಿಮೈಸೂರಿನ ಮೇಲೆ ಸುತ್ತಿ ಬಳಸಿ ಹೋಗಬೇಕು. ಹತ್ತುವಾಗಲೇ ಬಾಗಿಲ ಮೊಳೆಗೆ ಸಿಕ್ಕಿ ಕೈಚೀಲದ ಹಿಡಿ ಕಿತ್ತುಬಂತು. ಹೆಂಡತಿ ಮರುದೇವಿ ಕಟ್ಟಿಕೊಟ್ಟಿದ್ದ ಅವಲಕ್ಕಿ ಬಸ್ಸಿನ ನೆಲದ ಪಾಲಾಯಿತು.

ಹೊಳೆನರಸೀಪುರದ ಸ್ಟ್ಯಾಂಡಿನಲ್ಲಿ ಬಸ್ಸು ಬದಲಾಯಿಸಿ ಕೂತರು. ಬಸ್ಸು ಇನ್ನೇನು ಹೊರಡಬೇಕು, ಹಿಂದಿನ ಸೀಟಿನಿಂದ ಒಬ್ಬ ಹೆಂಗಸು ಕೂಗಿಕೊಂಡಳು. ನಮ್ಮೋರು ಎಲೆಅಡಿಕೆ ತರೋಕೆ ಇಳಿದವರು ಬಂದಿಲ್ಲ, ನಿಲ್ಲಿಸಪ್ಪಾ ಅಂತ.

“ಎಲ್ರೂ ಯಾರೋ ಒಬ್ಬರಿಗೆ ನಮ್ಮೋರೇ ಕಣವ್ವ,” ಎಂದ ಕಂಡಕ್ಟರು. “ಎಸ್ರೇಳು, ಕೂಗ್ತೀನಿ.”

ಅವಳು ತಲೆ ತಗ್ಗಿಸಿದಳು. ಎಸ್ರಾ? ಎಸ್ರು ಅಂದ್ರೆ, ಅದೇ, ದೇವ್ರ ಎಸ್ರು. ಯಾವ ದೇವರು ಎಂದು ಒಬ್ಬರು ಕೇಳಿದರು. ಈ ಊರಿನ ದೇವ್ರೇ ಕಣಪ್ಪ ಎಂದಳು. ಬಸ್ಸಿಗೆ ಬಸ್ಸೇ ನಕ್ಕಿತು. ಕಂಡಕ್ಟರು ಬಾಗಿಲಲ್ಲಿ ಜೋತುಬಿದ್ದು “ನರಸಿಂಹಯ್ಯಾ” ಎಂದು ಒಂದು ಕೂಗು ಹಾಕಿದ. ನರಸಿಂಹದೇವರ ಊರಿನ ಸ್ಟ್ಯಾಂಡದು. ಕಾಫಿ ಕುಡಿಯುತ್ತಿದ್ದವರು, ಬೀಡಿ ಹಚ್ಚುತ್ತಿದ್ದವರು, ಮೂಟೆ ಹೊತ್ತವರು, ಎಲ್ಲರೂ ತಿರುಗಿ ನೋಡಿದರು.

“ಇಷ್ಟು ಜನದಲ್ಲಿ ನಿಮ್ಮೋರು ಯಾರು, ಆರಿಸ್ಕೊ ತಾಯಿ,” ಎಂದ ಕಂಡಕ್ಟರು.

ಅವಳೂ ನಕ್ಕಳು. ಬಸ್ಸು ತಪ್ಪಿದರೂ ಸರಿಯೇ, ಹೆಸರು ಮಾತ್ರ ಅವಳ ಬಾಯಿಂದ ಬರಲಿಲ್ಲ.

ಎಲ್ಲರ ಜೊತೆ ನಗುತ್ತಿದ್ದ ಆದಿರಾಜಯ್ಯನವರ ನಗೆ ಅರ್ಧಕ್ಕೇ ನಿಂತಿತು.

ಹಲ್ಲಿಗೆ ಸಿಕ್ಕ ಕಲ್ಲು ಯಾವುದೆಂದು ಈಗ ಗೊತ್ತಾಯಿತು. ‘ದೊಡ್ಡಬೀರಯ್ಯಾ, ಮುದ್ದೆ ಆರೋಯ್ತದೆ.’ ಬದುಕಿರುವ ಗಂಡನನ್ನು ಹೊಳೆದಂಡೆಯಲ್ಲಿ ನಿಂತು, ಹತ್ತು ಜನ ಕೇಳುವ ಹಾಗೆ, ಹೆಸರು ಹಿಡಿದು ಕೂಗುವ ಹೆಂಡತಿ ಈ ಸೀಮೆಯಲ್ಲಿ ಎಲ್ಲಿದ್ದಾಳೆ? ಮರುದೇವಿ ಮದುವೆಯಾಗಿ ಬಂದಾಗಿನಿಂದ ಅವರನ್ನು ‘ಕೇಳಿಸ್ತಾ’ ಎಂದೇ ಕರೆದದ್ದು. ‘ಆದಿ’ ಎಂಬ ಮಾತು ಬರುವ ಹಾಡನ್ನು ಕೂಡ ಬಸದಿಯಲ್ಲಿ ಬಾಯಿ ಮುಚ್ಚಿಕೊಂಡು ಹಾಡುವವಳು ಅವಳು.

ವಿಜಯಮ್ಮ ಅವನ ಹೆಂಡತಿಯಲ್ಲ. ಪಾಪಯ್ಯ ಕಲಿಸಿದ ಪಾಠ ಒಪ್ಪಿಸುವ ಅವಸರದಲ್ಲಿ, ತನ್ನದಲ್ಲದ ಗಂಡನನ್ನು ಹೆಸರು ಹಿಡಿದು ಕೂಗಿಬಿಟ್ಟಿದ್ದಳು.

ಮತ್ತೆ ಆ ಇನ್ನೊಬ್ಬಳು? ಅಧಿಕಾರಿ ಕೇಳಿದಷ್ಟು ಸಲವೂ ತುಟಿ ಬಿಗಿದು ನಿಂತವಳು? ಹೆಸರು ತಿಳಿಯದೆ ಸುಮ್ಮನಿದ್ದವಳಲ್ಲ ಅವಳು. ತಿಳಿದದ್ದಕ್ಕೇ ಸುಮ್ಮನಿದ್ದವಳು. ಅಷ್ಟು ದಿನ ವಕೀಲರ ಆಫೀಸಿನಲ್ಲಿ ಅಧಿಕಾರಿ ಬರೆದ ಆ ಸಾಲನ್ನು ಓದಿ ಓದಿ ನಕ್ಕವರಿಗೆ, ಒಬ್ಬರಿಗಾದರೂ, ಮನೆಯಲ್ಲಿ ಹೆಂಡತಿ ಇರಲಿಲ್ಲವೇ?

ನರಸಿಂಹಯ್ಯ ಬಂದು ಬಸ್ಸು ಹತ್ತುವುದಕ್ಕೂ ಆದಿರಾಜಯ್ಯನವರು ಇಳಿಯುವುದಕ್ಕೂ ಸರಿಹೋಯಿತು. ಅಂಚೆ ಕಚೇರಿಗೆ ಓಡಿದರು. ಹಾಸನಕ್ಕೆ ಟ್ರಂಕ್ ಕಾಲ್ ಹಾಕಿಸಿ ಕಾದರು. ಲೈನು ಸಿಕ್ಕಾಗ ವಕೀಲರು ಸಿಗಲಿಲ್ಲ. ಮತ್ತೆ ಕೇಳಿದಾಗ ಲೈನೇ ಸಿಗಲಿಲ್ಲ. ಕೊನೆಗೆ ವಕೀಲರ ದನಿ ಕೇಳಿಸಿತು, ಇವರ ದನಿ ಅವರಿಗೆ ಕೇಳಿಸಲಿಲ್ಲ. ‘ಯಾರು? ಯಾರು?’ ಎಂದು ಚಂದ್ರಪ್ರಭರು ಕೂಗಿ ಕೂಗಿ ಇಟ್ಟುಬಿಟ್ಟರು.

ಮುಂದಿನ ಬಸ್ಸು ಸಿಕ್ಕಿ ರಾಮನಾಥಪುರದಲ್ಲಿ ಇಳಿಯುವಾಗ ಬಿಸಿಲು ವಾಲಿತ್ತು. ಹೊಟ್ಟೆ ಬೆನ್ನಿಗೆ ಹತ್ತಿತ್ತು. ಹಿಡಿ ಕಿತ್ತ ಚೀಲವನ್ನು ಮಗುವಿನಂತೆ ಎತ್ತಿಕೊಂಡು, ಊರ ಹೊರಗಿನ ತಂಬಾಕಿನ ಹೊಲಗಳ ಬದು ಹಿಡಿದು ನಡೆದರು.

ಬಂಗಲೆಯ ಮನೆ ಬಿಡಿಸಿದ ಮೇಲೆ ಕಾಮಾಕ್ಷಮ್ಮ ಅಲ್ಲೇ ಒಂದು ಗುಡಿಸಲಲ್ಲಿದ್ದಳು. ಪಕ್ಕದಲ್ಲಿ ಎತ್ತರದ ಗೋಡೆಯ ಬ್ಯಾರನ್, ತಂಬಾಕಿನ ಸೊಪ್ಪನ್ನು ಬೆಂಕಿಯ ಕಾವಿನಲ್ಲಿ ಹದ ಮಾಡುವ ಮನೆ. ಈಗ ಕಾವು ಕೊಡುವ ಕಾಲವಲ್ಲ. ಅದರ ಬಾಗಿಲು ಮುಚ್ಚಿತ್ತು. ಅವಳು ನೆರಳಲ್ಲಿ ಕೂತು ಒಣಗಿದ ಎಲೆಗಳನ್ನು ಬಣ್ಣ ನೋಡಿ ಬೇರೆ ಮಾಡುತ್ತಿದ್ದಳು. ಬರಿಯ ಹಣೆ, ಬರಿಯ ಕೈ. ಇವರನ್ನು ಕಂಡು ಏಳಲಿಲ್ಲ.

“ನೀವು ಆ ಕಡೆಯೋರಲ್ವ,” ಎಂದಳು. “ಕಚೇರೀಲಿ ಕಂಡಿದ್ದೆ.”

ಆದಿರಾಜಯ್ಯನವರು ಅಡ್ಡಾದಿಡ್ಡಿ ಮಾತಿಗೆ ಹೋಗಲಿಲ್ಲ. ಕಲ್ಲಿನ ಮೇಲೆ ಕೂತು ಎಲ್ಲವನ್ನೂ ಹೇಳಿದರು. ಬಂದದ್ದು ಆ ಕಡೆಯವನಾಗಿ, ಈಗ ಕೂತಿರುವುದು ಹಾಗಲ್ಲ ಎಂದರು. ವಿಜಯಮ್ಮನ ಕೂಗು, ಬಸ್ಸಿನ ಹೆಂಗಸು, ಅಧಿಕಾರಿ ಬರೆದುಕೊಂಡ ತಪ್ಪು, ಯಾವುದನ್ನೂ ಮುಚ್ಚಿಡಲಿಲ್ಲ. ನೀನೇ ಅವನ ಹೆಂಡತಿ ಎಂದು ನನಗೆ ತಿಳಿದಿದೆ, ವಕೀಲರಿಗೂ ತಿಳಿಸುತ್ತೇನೆ ಎಂದರು.

ಇಷ್ಟು ಕೇಳಿದರೆ ಯಾರಾದರೂ ಅಳಬೇಕು, ಇಲ್ಲ ನಗಬೇಕು. ಕಾಮಾಕ್ಷಮ್ಮ ಎಲೆಗಳನ್ನು ಬಿಟ್ಟು ಅವರ ಚೀಲವನ್ನು ನೋಡಿದಳು. ಕೊಡಿ ಇಲ್ಲಿ ಎಂದು ತೆಗೆದುಕೊಂಡು, ಕಿತ್ತ ಹಿಡಿಗೆ ಒಂದು ಬಟ್ಟೆಚೂರು ಸುತ್ತಿ ಗಂಟು ಹಾಕಿದಳು. ಅದು ಜಾರಿತು. ಇನ್ನೊಂದು ಹಾಕಿದಳು, ಅದು ಕಗ್ಗಂಟಾಯಿತು.

“ಗಂಟು ಆಕೋದು ನಂಗೆ ಈ ಜನ್ಮಕ್ಕೆ ಬರಾಕಿಲ್ಲ, ಸಾ. ಈ ಮನೇಲಿ ಅದೆಲ್ಲ ಅವ್ರದೇ,” ಎಂದು ಮೊದಲ ಸಲ ಸ್ವಲ್ಪ ನಕ್ಕಳು. “ನಾನು ಆಕಿದ ಗಂಟ ಮಚ್ಚಲ್ಲೇ ಬಿಚ್ಬೇಕು ಅಂತ ಆಡ್ಕೊಳ್ಳೋರು.”

ಆ ನಗು ನೋಡಿ ಆದಿರಾಜಯ್ಯನವರಿಗೆ ಧೈರ್ಯ ಬಂತು. ಸೋಮವಾರ ಹಾಸನಕ್ಕೆ ಬಾ ಎಂದರು. ಅಧಿಕಾರಿಯ ಎದುರು ಒಂದು ಸಲ, ಒಂದೇ ಸಲ, ಆ ಹೆಸರು ಹೇಳಿಬಿಡು. ಇನ್ನೇನೂ ಬೇಡ. ಉಳಿದದ್ದು ನಾನು ನೋಡಿಕೊಳ್ಳುತ್ತೇನೆ.

“ಆಗಾಕಿಲ್ಲ, ಸಾ.”

ಹೋಗಲಿ, ನಾನು ಹೇಳುತ್ತೇನೆ, ನೀನು ಹೂಂ ಎಂದರೆ ಸಾಕು, ಅಧಿಕಾರಿಯನ್ನು ನಾನು ಒಪ್ಪಿಸುತ್ತೇನೆ ಎಂದರು. ಅದಕ್ಕೂ ತಲೆಯಾಡಿಸಿದಳು. ಅಲ್ಲಿಗೆ ತಾನು ಬರುವುದೇ ಇಲ್ಲ ಎಂದಳು. ಹೋದ ವಾರ ಪಾಪಯ್ಯನೂ ಬಂದಿದ್ದನಂತೆ. ಇದೇ ಕಲ್ಲಿನ ಮೇಲೆ ಕೂತು, ನೀರು ಕೇಳಿ ಕುಡಿದು, ನಗುನಗುತ್ತ ಬುದ್ಧಿ ಹೇಳಿ ಹೋದನಂತೆ.

“ಏನಂದ?”

“‘ನೀನು ಕಚೇರಿ ಕಡೀಕೆ ತಲೆ ಆಕಬ್ಯಾಡ ಕಣವ್ವ. ಸುಮ್ಕಿದ್ರೆ ನಿನ್ಗೇ ವಳ್ಳೇದು’ ಅಂದ.”

“ಅವನು ಹೇಳಿದ ಅಂತ ಬಿಟ್ಟುಬಿಡ್ತೀಯಾ? ನಿನ್ನ ಬಾಯಿಗೆ ಮಣ್ಣು ಹಾಕ್ತಿರೋನೇ ಅವನು.”

ಅವಳು ಎಲೆಗಳ ರಾಶಿಗೆ ಕೈ ಹಾಕಿದಳು. ಹಳದಿ ಎಲೆಗಳ ನಡುವೆ ಕಂದು ಎಲೆ, ಕಂದಿನ ನಡುವೆ ಹಳದಿ. ಅಷ್ಟು ಹೊತ್ತು ಬೇರೆ ಮಾಡಿಟ್ಟದ್ದನ್ನೆಲ್ಲ ತಾನೇ ಕಲಸಿಬಿಡುತ್ತಿದ್ದಳು.

ಆದಿರಾಜಯ್ಯನವರ ತಾಳ್ಮೆ ಕೆಟ್ಟಿತು. ಕೆಟ್ಟ ಬಸ್ಸು, ಚೆಲ್ಲಿದ ಅವಲಕ್ಕಿ, ಕೇಳಿಸದ ಫೋನು, ಎಲ್ಲವೂ ಸೇರಿ ಗಂಟಲಿಗೆ ಬಂತು. ಆದರೂ ಗದರಲಿಲ್ಲ. ತಮ್ಮ ತಾಯಿಯ ಮಾತು ತೆಗೆದರು. ಅವರ ತಾಯಿ ಪದ್ಮಾವತಮ್ಮ ಗಂಡನ ಹೆಸರನ್ನು ಕನಸಿನಲ್ಲೂ ಹೇಳಿದವರಲ್ಲ. ಹೇಳಿದರೆ ಅವರ ಆಯಸ್ಸು ಕಡಿಮೆಯಾಗುತ್ತದೆ ಎಂದು ನಂಬಿದ್ದವರು. ತಂದೆ ತೀರಿಕೊಂಡ ಮೇಲೆ ಜಮೀನಿನ ಖಾತೆ ಬದಲಾಯಿಸುವಾಗ, ಅಮಲ್ದಾರರು ಕೇಳಿದ್ದೇ ತಡ, ತಲೆಯೆತ್ತಿ ‘ವರ್ಧಮಾನಯ್ಯ’ ಎಂದರು. ಜೊತೆಯಲ್ಲಿದ್ದವರೆಲ್ಲ ಬೆಚ್ಚಿಬಿದ್ದರು. ಇನ್ನು ಯಾರ ಆಯಸ್ಸಿಗೆ ಅಂತ ಕಾಯಲಿ ಎಂದರಂತೆ ಅವರು. ಆಮೇಲೆ ದಿನಕ್ಕೆ ಹತ್ತು ಸಲ ಆ ಹೆಸರು ಹೇಳುತ್ತಿದ್ದರು, ಇಷ್ಟು ವರ್ಷದ ಬಾಕಿ ತೀರಿಸುವವರ ಹಾಗೆ.

“ನಿನಗೂ ಅಷ್ಟೇ, ಕಾಮಾಕ್ಷಮ್ಮ. ಹೋದವನಿಗೆ ಯಾವ ಆಯಸ್ಸು? ಹೇಳಿದರೆ ಯಾರಿಗೇನಾಗುತ್ತೆ?”

ಬ್ಯಾರನ್ ಕಡೆಯಿಂದ ಗಾಳಿ ಬಂತು. ಸೊಪ್ಪಿನ ಘಾಟಿಗೆ ಕಣ್ಣು ಉರಿಯಿತು. ಕಾಮಾಕ್ಷಮ್ಮ ಎದ್ದು ನಿಂತಳು. ಅವಳ ಮುಖದಲ್ಲಿ ಕೋಪವಿರಲಿಲ್ಲ. ಹೆದರಿಕೆ ಇತ್ತು.

“ಬಳೆ ಒಡ್ಕೊಂಡೆ, ಸಾ. ಕುಂಕ್ಮ ಅಳಿಸ್ಕೊಂಡೆ. ಜನ ಏನೇನು ಮಾಡು ಅಂದ್ರೋ ಎಲ್ಲಾ ಮಾಡ್ದೆ. ಒಂದೊಂದು ಮಾಡ್ವಾಗ್ಲೂ ನನ್ನೊಟ್ಟೆ ಕಿತ್ಕೊಂಡು ಬಂತು. ಇದೊಂದ ನಂಗೆ ಬಿಟ್ಬುಡಿ.”

“ಪಿಂಚಣಿ ಹೋಗುತ್ತಲ್ಲಮ್ಮ. ಇನ್ನು ಮುಂದೆ ಏನು ತಿಂತೀಯ? ಈ ಎಲೆ ಆರಿಸಿಕೊಂಡು ಎಷ್ಟು ದಿನ?”

“ಓದ್ರೆ ಓಗ್ಲಿ. ಆ ಎಸ್ರು ಮಾತ್ರ ನನ್ ಬಾಯಲ್ಲಿ ಬರಾಕಿಲ್ಲ.”

ಇನ್ನು ಮಾತಾಡಿ ಫಲವಿಲ್ಲ ಎಂದು ಆದಿರಾಜಯ್ಯನವರಿಗೂ ಅನಿಸಿತು. ಚೀಲ ಎತ್ತಿಕೊಂಡರು. ಒಸಿ ನಿಲ್ಲಿ ಎಂದು ಹೇಳಿ ಅವಳು ಹಿಂದಕ್ಕೆ ಹೋದಳು. ಒಲೆ ಇದ್ದದ್ದು ಗುಡಿಸಲಲ್ಲಿ. ಅವಳು ಹೋದದ್ದು ಬ್ಯಾರನ್ ಹಿಂದಕ್ಕೆ. ಬಹಳ ಹೊತ್ತಾದರೂ ಬರಲಿಲ್ಲ. ಬಂದಾಗ ಕೈಯಲ್ಲಿ ಒಂದು ಬುತ್ತಿ ಇತ್ತು. ಅದನ್ನು ಸೆರಗಿನಲ್ಲಿ ಮುಚ್ಚಿ ತಂದವಳು, ಅವರ ಚೀಲದೊಳಗೆ ತಾನೇ ಇಟ್ಟಳು.

“ಒತ್ತು ಮುಳುಗೋಕ್ಮುಂಚೆ ಉಂಡ್ಬುಡಿ,” ಎಂದಳು. “ಈರುಳ್ಳಿ ಆಕಿಲ್ಲ.”

“ಆಗಲಮ್ಮ. ಇನ್ನೊಂದು ಸಲ ಯೋಚನೆ ಮಾಡು.”

“ಓಗ್ಬನ್ನಿ, ಸಾ.”

ಬದು ದಾಟಿ, ಹೊಳೆಯ ಕಡೆಗೆ ತಿರುಗುವವರೆಗೂ ಅವರ ತಲೆಯಲ್ಲಿ ಬರೀ ಸಿಟ್ಟು. ಎಂಥ ಹಟ. ತನ್ನ ಕೈಯಾರೆ ತನ್ನ ಅನ್ನ ಚೆಲ್ಲುವ ಹಟ. ಬಸ್ಸಿಗೆ ಇನ್ನೂ ಹೊತ್ತಿತ್ತು. ಸ್ನಾನಘಟ್ಟದ ಮೆಟ್ಟಿಲ ಮೇಲೆ ಕೂತರು. ಕೆಳಗೆ, ಯಾರೂ ಬಲೆ ಹಾಕದ ದೇವರ ಮೀನುಗಳು ನೀರಿನಲ್ಲಿ ತಿರುಗುತ್ತಿದ್ದವು. ಸೂರ್ಯ ಆಚೆ ದಡದ ಮರಗಳ ತಲೆಗೆ ಇಳಿದಿದ್ದ. ಒಂದು ತುತ್ತು ತಿನ್ನಲು ಇನ್ನೂ ವ್ಯವಧಾನವಿತ್ತು.

ಈರುಳ್ಳಿ ಹಾಕಿಲ್ಲ ಎಂದಳಲ್ಲ. ತಾನು ಅವಳಿಗೆ ಹೆಸರು ಕೂಡ ಹೇಳಿರಲಿಲ್ಲ, ಬಂಗಲೆಯಲ್ಲಿ ತಂಗುತ್ತಿದ್ದ ಕಾಲದಲ್ಲಿ ಅವಳನ್ನು ಕಂಡಿರಲೂ ಇಲ್ಲ.

ಚೀಲದೊಳಗೆ ಕೈ ಹಾಕಿ ಬುತ್ತಿಯನ್ನು ಹೊರಗೆ ತೆಗೆದರು.

ಬಟ್ಟೆಯ ಎರಡು ತುದಿಗಳು, ನೆರಿಗೆ ಹಿಡಿದು, ಮೊಲದ ಕಿವಿಯ ಹಾಗೆ ನೆಟ್ಟಗೆ ನಿಂತಿದ್ದವು.

ಆದಿರಾಜಯ್ಯನವರು ಅದನ್ನು ತೊಡೆಯ ಮೇಲಿಟ್ಟುಕೊಂಡು ಸುಮ್ಮನೆ ನೋಡಿದರು. ಇನ್ನೊಂದು ಕೈಯಲ್ಲಿ ಅವಳು ಕಟ್ಟಿದ ಚೀಲದ ಹಿಡಿ, ಕಗ್ಗಂಟು. ಸಾಹೇಬರು ದೂರ ಬಂದಿದ್ದಾರೆ, ಹೊತ್ತು ಮುಳುಗುತ್ತಿದೆ, ಅವರು ಹಸಿದು ಹೋಗಬಾರದು. ಗೋಡೆಯ ಹಿಂದೆ ಅಡಗಿದ್ದವನಿಗೂ ಅಷ್ಟನ್ನು ತಡೆದುಕೊಳ್ಳಲು ಆಗಿರಲಿಲ್ಲ.

ಇದೊಂದನ್ನು ಬಿಟ್ಟುಬಿಡಿ ಎಂದಳಲ್ಲ. ಅವಳು ಕಾಯುತ್ತಿದ್ದ ಆಯಸ್ಸು ಬ್ಯಾರನ್ನಿನ ಹಿಂದೆ ಕೂತು ಬುತ್ತಿ ಕಟ್ಟುತ್ತಿತ್ತು. ಬದುಕಿದ್ದರೆ ಪಿಂಚಣಿಯಿಲ್ಲ ಎಂದಿತು ಸರ್ಕಾರ. ಅವನು ಸತ್ತು ತೋರಿಸಿದ್ದ. ಅದನ್ನು ಪಾಪಯ್ಯ ಬಲ್ಲ. ಅದಕ್ಕೇ ಅಷ್ಟು ಧೈರ್ಯವಾಗಿ ಇನ್ನೊಬ್ಬ ಹೆಂಡತಿಯನ್ನು ತಂದು ನಿಲ್ಲಿಸಿದ್ದ. ನಿಜವಾದ ಹೆಂಡತಿ ಬಾಯಿ ಬಿಡುವ ಹಾಗಿಲ್ಲ, ನಿಜವಾದ ಗಂಡ ಮುಖ ತೋರಿಸುವ ಹಾಗಿಲ್ಲ.

ಸೋಮವಾರ ಏನು ಹೇಳುವುದು? ವಿಜಯಮ್ಮ ಸುಳ್ಳಿ ಎಂದರೆ ಕಾಮಾಕ್ಷಮ್ಮನನ್ನು ಕರೆಸುತ್ತಾರೆ. ಕಾಮಾಕ್ಷಮ್ಮ ನಿಜ ಎಂದರೆ ಬೀರಯ್ಯ ಬದುಕಿರುವುದನ್ನು ಪಾಪಯ್ಯನೇ ಬಯಲು ಮಾಡುತ್ತಾನೆ, ಅವಳ ಕೈಗೆ ಬೇಡಿ. ಸುಮ್ಮನಿದ್ದರೆ ಪಾಪಯ್ಯನ ಜೇಬಿಗೆ ಪಿಂಚಣಿ. ಯಾವ ಕಡೆ ತಿರುಗಿದರೂ ಹೊಡೆತ ಒಬ್ಬಳಿಗೇ.

ಆಗ ಅವರಿಗೆ ಇನ್ನೊಂದು ನೆನಪಾಯಿತು.

ಮಡುವಿನಲ್ಲಿ ಸಿಕ್ಕ ಹೆಣದ ಮುಖ ಮೀನು ತಿಂದು ಗುರುತು ಹತ್ತುವಂತಿರಲಿಲ್ಲ. ಸೊಂಟದಲ್ಲಿ ಬಿಗಿಯಾಗಿ ಗಂಟು ಹಾಕಿದ ಮೇಟಿಯ ಪಟ್ಟಿ, ಪಟ್ಟಿಯ ಮೇಲೆ ಹಿತ್ತಾಳೆಯ ಬಿಲ್ಲೆ. ಆ ಬಿಲ್ಲೆ ನೋಡಿ ಬೀರಯ್ಯನೇ ಎಂದು ಎಲ್ಲರೂ ಒಪ್ಪಿ ಮಣ್ಣು ಮಾಡಿದ್ದರು. ಬಿಲ್ಲೆ ಬೀರಯ್ಯನದೇ. ಹಾಗಾದರೆ ಆ ಮಣ್ಣಿನಡಿ ಮಲಗಿರುವವನು ಯಾರು? ಅವನ ಸೊಂಟಕ್ಕೆ ಆ ಪಟ್ಟಿಯನ್ನು ಅಷ್ಟು ಬಿಗಿಯಾಗಿ ಗಂಟು ಹಾಕಿ ಕಟ್ಟಿದ ಕೈ ಯಾವುದು?

ಅವರು ಒಂದು ಕಿವಿ ಹಿಡಿದು ಎಳೆದರು. ಒಂದೇ ಎಳೆತಕ್ಕೆ ಗಂಟು ಬಿಚ್ಚಿಕೊಂಡಿತು. ಉಪ್ಪಿಟ್ಟಿನ ಹಬೆ ಮುಖಕ್ಕೆ ಬಡಿಯಿತು. ತಲೆಯೆತ್ತಿ ನೋಡಿದರೆ ಸೂರ್ಯ ಮುಳುಗಿಬಿಟ್ಟಿದ್ದ.

ಇನ್ನು ತಿನ್ನುವ ಹಾಗಿರಲಿಲ್ಲ. ಒಂದು ಹಿಡಿ ಉಪ್ಪಿಟ್ಟನ್ನು ನೀರಿಗೆ ಹಾಕಿದರು. ಕಪ್ಪಗಾಗುತ್ತಿದ್ದ ನೀರು ಒಮ್ಮೆಲೇ ಕುದಿದಂತಾಗಿ, ಮೀನುಗಳು ಒಂದರ ಮೇಲೊಂದು ಮುಗಿಬಿದ್ದವು.